ಗುರುಗಳ ಟೋಪಿ

"ಒರೆಸೇ. ಇನ್ನೊಂದ್ ಸಲ ಒರೆಸು. ನಿನ್ನ ಕಣ್ಣಿನ ಪಿಸುರು ನನ್ನ ಕಣ್ಣಿಗೆ ಅಂಟೋದು ಬೇಡ."

ಪೊರಕೆ ಒರೆಸಿದಳು. ಕ್ಯಾಮೆರಾದೊಳಗೆ ಇಣುಕುವ ಕಿಂಡಿಗೆ ಒಂದು ರಬ್ಬರಿನ ಬಟ್ಟಲಿರುತ್ತದೆ, ಕಣ್ಣು ಒತ್ತಿ ಇಡುವುದಕ್ಕೆ. ಅವಳು ನೋಡಿ ಬಿಟ್ಟಮೇಲೆ ಅದನ್ನು ಸ್ಪಿರಿಟ್ಟಿನಲ್ಲಿ ಎರಡು ಸಲ ಒರೆಸಬೇಕು, ಆಮೇಲೆ ಗುರುಗಳು ಕಣ್ಣಿಡುತ್ತಾರೆ. ಗುರುಗಳು ನೋಡಿ ಬಿಟ್ಟಮೇಲೆ ಮಾತ್ರ ಒರೆಸುವ ಹಾಗಿಲ್ಲ, ಒರೆಸಿದರೆ ಅವರಿಗೆ ಅವಮಾನ. ಹೀಗಾಗಿ ಇಷ್ಟು ವರ್ಷ ಗುರುಗಳ ಪಿಸುರೆಲ್ಲ ಪೊರಕೆಯ ಕಣ್ಣಿಗೇ ಬಂದು ಸೇರಿತ್ತು. ಎರಡು ಸಲ ಅವಳ ಕಣ್ಣು ಟೊಮೆಟೊ ಹಣ್ಣಿನ ಹಾಗೆ ಊದಿಕೊಂಡಿತ್ತು. ಇದು ಯಾರಿಂದ ಅಂಟಿತಮ್ಮಾ ಅಂತ ಡಾಕ್ಟರು ಕೇಳಿದ್ದಕ್ಕೆ, ದೊಡ್ಡವರ ಆಶೀರ್ವಾದ ಅಂದಿದ್ದಳು.

ಪೊರಕೆ ಅನ್ನುವುದು ಅವಳಿಗೆ ಹೆತ್ತವರು ಇಟ್ಟ ಹೆಸರಲ್ಲ. ಅವಳ ಅಮ್ಮ ಇದೇ ಸ್ಟುಡಿಯೋದ ನೆಲವನ್ನು ಇಪ್ಪತ್ತಾರು ವರ್ಷ ಗುಡಿಸಿ, ಕೊನೆಗೆ ಸೊಂಟ ಹಿಡಿದುಕೊಂಡು ಮನೆ ಸೇರಿದವಳು. ಮಗಳು ಕ್ಯಾಮೆರಾ ಪೆಟ್ಟಿಗೆ ಹೊರುವ ಕೆಲಸಕ್ಕೆ ಬಂದ ಮೊದಲ ದಿನ ಮೇನೇಜರ್ ಎಲ್ಲರಿಗೂ ಕೇಳುವ ಹಾಗೆ, ಪೊರಕೆ ಮಗಳು ಬಂದ್ಲು ನೋಡ್ರಪ್ಪಾ ಅಂದಿದ್ದ. ದಿನ ಕಳೆದ ಹಾಗೆ ಮಗಳು ಉದುರಿ ಪೊರಕೆ ಉಳಿಯಿತು. ಹದಿನೇಳು ವರ್ಷದಲ್ಲಿ ಆ ಹೆಸರಿಗೆ ಅವಳು ಎಷ್ಟು ಒಗ್ಗಿದ್ದಳೆಂದರೆ, ಆಸ್ಪತ್ರೆಯಲ್ಲಿ ನರ್ಸು ಅವಳ ನಿಜವಾದ ಹೆಸರು ಕೂಗಿದಾಗ ಯಾರಪ್ಪಾ ಇವಳು ಅಂತ ತಾನೂ ಹಿಂದಕ್ಕೆ ತಿರುಗಿ ನೋಡಿದ್ದಳು.

ಆ ಕೆಲಸ ಕೊಡಿಸಿದವನು ಅವಳ ಸೋದರಮಾವ. ಸೆಟ್ಟಿನ ಮೇಲೆ, ಚಾವಣಿಗೆ ಹಗ್ಗ ಕಟ್ಟಿ ತೂಗುಬಿಟ್ಟ ಹಲಗೆಗಳ ಮೇಲೆ ನಿಂತು ದೀಪ ಹಿಡಿಯುವ ಲೈಟಿನವನು. ಆ ಹಲಗೆಗಳಿಗೆ ಅಟ್ಟ ಅಂತ ಹೆಸರು, ಅವನಿಗೆ ಅಟ್ಟದ ಮಾವ ಅಂತ. ಮೊದಲ ಐದು ವರ್ಷ ಅವಳು ಹನ್ನೊಂದು ಪೆಟ್ಟಿಗೆ ಹೊತ್ತಳು. ಮುಂದಿನ ಮೂರು ವರ್ಷ ಟೇಪು ಹಿಡಿದಳು. ಕ್ಯಾಮೆರಾದಿಂದ ನಟನ ಮೂಗಿನ ತುದಿಗೆ ಎಷ್ಟು ದೂರ ಅಂತ ಅಳೆದು ಹೇಳಬೇಕು, ಇಲ್ಲದಿದ್ದರೆ ಮುಖ ಮಂಜಾಗಿ ಬರುತ್ತದೆ. ಆದರೆ ಹೀರೋ, ಆ ಪೊರಕೆ ಕೈ ನನ್ನ ಮೂಗಿನ ಹತ್ತಿರ ಬರಬಾರದು ಅಂತ ಅಪ್ಪಣೆ ಮಾಡಿದ. ಟೇಪಿಲ್ಲದೆ ಅಳೆಯುವುದು ಅವಳಿಗೆ ಕಡ್ಡಾಯವಾಯಿತು, ಕಡ್ಡಾಯವಾದದ್ದು ಅಭ್ಯಾಸವಾಯಿತು. ಆಮೇಲಾಮೇಲೆ ಬಾಗಿಲಲ್ಲಿ ಯಾರು ಬಂದು ನಿಂತರೂ ಒಂಬತ್ತಡಿ ನಾಲ್ಕಿಂಚು ಅಂತ ಹೇಳುವಳು. ಲೈಟಿನವರು ಟೇಪು ಹಿಡಿದು ನೋಡಿ ತಲೆಯಾಡಿಸುವರು.

ಆ ಹೊತ್ತಿಗೆ ಗುರುಗಳ ಕೈ ನಡುಗುವುದಕ್ಕೆ ಶುರುವಾಗಿತ್ತು. ಗುರುಗಳು ಎಂದರೆ ಕ್ಯಾಮೆರಾಕ್ಕೆ ದೊಡ್ಡವರು. ಅಗಲ ಅಂಚಿನ ಖಾಕಿ ಟೋಪಿ, ಹದಿನಾಲ್ಕು ಜೇಬಿನ ಅಂಗಿ, ಕಪ್ಪು ಕನ್ನಡಕ. ಚಿತ್ರ ಅಲುಗುತ್ತಿದೆ ಅಂತ ಗೊತ್ತಾದಾಗ ಅವರು ಮೊದಲು ನೆಲವನ್ನು ಬೈದರು. ಬಡಗಿ ಬಂದು ಹಲಗೆಗಳಿಗೆಲ್ಲ ಹೊಸ ಮೊಳೆ ಹೊಡೆದ. ಆಮೇಲೆ ಹೊರಗೆ ಹೋಗುವ ಲಾರಿಗಳನ್ನು ಬೈದರು. ಕೊನೆಗೊಂದು ದಿನ ನಾಯಕಿಯ ಅಜ್ಜಿ ಸಾಯುವ ದೃಶ್ಯ ತೆಗೆದರು. ಪರದೆಯ ಮೇಲೆ ಹಾಕಿ ನೋಡಿದರೆ ಸತ್ತ ಅಜ್ಜಿ ಎಲ್ಲರಿಗಿಂತ ಚುರುಕಾಗಿ ಓಡಾಡುತ್ತಿದ್ದಾಳೆ. ನಿರ್ದೇಶಕ ತಲೆ ಮೇಲೆ ಕೈ ಹೊತ್ತ. ಅವತ್ತು ಗುರುಗಳು ಪೊರಕೆಯನ್ನು ಪೆಟ್ಟಿಗೆ ಇಡುವ ಕೋಣೆಗೆ ಕರೆದು ಬಾಗಿಲು ಹಾಕಿದರು.

"ಸ್ವಲ್ಪ ದಿನ ನೀನು ಹಿಡ್ಕೊ. ಹೊರಗೆ ಬಾಯಿಬಿಟ್ರೆ ನಿಮ್ಮಮ್ಮನ ಪೊರಕೆನೇ ನಿನ್ ಕೈಗೆ ಬರತ್ತೆ."

ಆ ಸ್ವಲ್ಪ ದಿನ ಒಂಬತ್ತು ವರ್ಷವಾಗಿತ್ತು. ಎಲ್ಲರೆದುರು ಗುರುಗಳು ಕಿಂಡಿಗೆ ಕಣ್ಣಿಡುವರು, ಕ್ಯಾಮೆರಾ ಓಡುವ ಹೊತ್ತಿಗೆ ಕಪ್ಪು ಪರದೆಯ ಮರೆಯಲ್ಲಿ ಅವಳು ಹಿಡಿಯುವಳು. ಅಳುವ ಮುಖ, ನಗುವ ಮುಖ, ಓಡುವ ಕುದುರೆ, ಬೀಳುವ ಮನೆ, ಎಲ್ಲವೂ ಅವಳ ಹೆಗಲ ಮೇಲಿನಿಂದಲೇ ಹಾದುಹೋದವು. ಗುರುಗಳಿಗೆ ಮೂರು ಪ್ರಶಸ್ತಿ ಬಂತು. ಮೂರನೆಯ ಸಲ ವೇದಿಕೆಯ ಮೇಲೆ, ನಾನು ಯಾರಿಗಾದರೂ ಋಣಿಯಾಗಿದ್ದರೆ ಅದು ನನ್ನ ಈ ಎರಡು ಕೈಗಳಿಗೆ ಅಂದರು. ಕೈ ಅಂಗಿಯ ಜೇಬಿನೊಳಗಿತ್ತು. ಜನ ಎದ್ದುನಿಂತು ಚಪ್ಪಾಳೆ ಹೊಡೆದರು. ಮನೆಯಲ್ಲಿ ಟೀವಿ ನೋಡುತ್ತಿದ್ದ ಅಮ್ಮ, ನೀನು ಒರೆಸೋ ಕ್ಯಾಮೆರಾ ಇವರದೇ ಅಲ್ವೇನೇ, ಎಂಥ ಕೈ ನೋಡು ಅಂದಾಗ ಪೊರಕೆಗೆ ಕುಡಿಯುತ್ತಿದ್ದ ಚಹಾ ಮೂಗಿಗೆ ಹತ್ತಿತು. ಸಿನಿಮಾದ ಕೊನೆಯಲ್ಲಿ ಓಡುವ ಹೆಸರುಗಳಲ್ಲಿ ಹೀರೋನ ನಾಯಿಯ ಹೆಸರಿತ್ತು, ಅವಳದು ಇರಲಿಲ್ಲ.

ಆದರೂ ಯಾಕೆ ಸುಮ್ಮನಿದ್ದಳು ಅಂದರೆ, ಹೇಳಿದರೆ ಕ್ಯಾಮೆರಾ ಹೋಗುತ್ತದೆ. ಆ ಕಿಂಡಿಗೆ ಕಣ್ಣಿಟ್ಟ ಗಳಿಗೆಯಲ್ಲಿ ಅವಳಿಗೆ ಹೊಟ್ಟೆ, ಬೆನ್ನು, ಮೇನೇಜರ್ ಯಾವುದೂ ನೆನಪಿರುತ್ತಿರಲಿಲ್ಲ. ಅಟ್ಟದ ಮೇಲಿನ ಹದಿಮೂರು ಜನಕ್ಕೂ ಗುಟ್ಟು ಗೊತ್ತಿತ್ತು, ಮೇಲಿನಿಂದ ನೋಡುವವರಿಗೆ ಎಲ್ಲ ಕಾಣುತ್ತದೆ. ಅವರೂ ಬಾಯಿ ಬಿಡಲಿಲ್ಲ. ನೀನು ಹಿಡ್ಕೊಂಡ್ರೆ ನಮ್ಮ ಬೆಳಕು ಹಾಳಾಗಲ್ಲ ಕಣೇ ಅಂತ ಮಾವ ಒಮ್ಮೆ ಅಂದಿದ್ದ. ಅವಳಿಗೆ ಸಿಕ್ಕ ಪ್ರಶಸ್ತಿ ಅದೊಂದೇ.

ಹೀಗಿರುವಾಗ ಗುರುಗಳ ಜೀವನದ ಮೇಲೇ ಒಂದು ಚಿತ್ರ ತೆಗೆಯುತ್ತೇವೆ ಅಂತ ಹೊರಗಿನಿಂದ ನಾಲ್ಕು ಜನರ ತಂಡ ಬಂತು. ಅದರ ಮುಖ್ಯಸ್ಥೆ ಕೈಯಲ್ಲೊಂದು ಪುಸ್ತಕ ಹಿಡಿದ ಸಂದರ್ಶಕಿ. ಗುರುಗಳು ಕುರ್ಚಿಯಲ್ಲಿ ಕೂತು ಮಾತಾಡಿದ್ದು ಅವಳಿಗೆ ಸಾಕಾಗಲಿಲ್ಲ. ಹೆಗಲ ಮೇಲೆ ಕ್ಯಾಮೆರಾ ಹೊತ್ತು ಮೆಟ್ಟಿಲು ಹತ್ತುವ ಆ ಉದ್ದದ ದೃಶ್ಯ ತೆಗೆಯುವುದನ್ನು ಕಣ್ಣಾರೆ ನೋಡಬೇಕು ಅಂದಳು. ಹೀರೋ ಅವತ್ತು ನಾಲ್ಕು ಗಂಟೆಗೆ ಹೊರಡುವವನು, ಮತ್ತೆ ಎರಡು ತಿಂಗಳು ಸಿಗುವುದಿಲ್ಲ. ಆ ದೃಶ್ಯ ಅವತ್ತೇ ಆಗಬೇಕು.

ಮೇಕಪ್ ಕೋಣೆಯಲ್ಲಿ ಬಾಗಿಲು ಹಾಕಿಕೊಂಡು ಗುರುಗಳು, ನಿರ್ದೇಶಕ, ಮೇನೇಜರ್ ಮೂವರೂ ಕೂತರು. ಪೊರಕೆ ಮೂಲೆಯಲ್ಲಿ ನಿಂತಳು. ಉಪಾಯ ಹೊಳೆದದ್ದು ಮೇನೇಜರನಿಗೆ. ಹೀರೋ ಗೋಡೆ ಹಾರುವಾಗ ಡೂಪು ಹಾಕುವುದಿಲ್ಲವೇ, ಗುರುಗಳಿಗೂ ಒಂದು ಡೂಪು ಹಾಕೋಣ ಅಂದ. ಪೊರಕೆಯ ಎತ್ತರ ಸರಿ ಇದೆ, ಹೆಗಲು ಸರಿ ಇದೆ. ಬಂದವರನ್ನು ನಲವತ್ತಡಿ ದೂರದಲ್ಲಿ ಹಗ್ಗ ಕಟ್ಟಿ ನಿಲ್ಲಿಸಿ, ಕೆಲಸದ ಹೊತ್ತಲ್ಲಿ ಗುರುಗಳನ್ನು ಯಾರೂ ಮಾತಾಡಿಸುವ ಹಾಗಿಲ್ಲ ಅಂದರಾಯಿತು. ಧೂಳಿಗೆ ಅಂತ ಮುಖಕ್ಕೊಂದು ಬಟ್ಟೆ ಕಟ್ಟಿದರೆ ಇನ್ನೇನು ಕಾಣುತ್ತದೆ.

ಗುರುಗಳು ಇದಕ್ಕೆಲ್ಲ ಒಪ್ಪಿದರು. ಒಂದೇ ಒಂದು ವಿಷಯಕ್ಕೆ ಅವರ ಮುಖ ಸಿಂಡರಿಸಿತು.

"ನನ್ನ ಟೋಪಿ ಇವಳ ತಲೆಗಾ?"

ಮೂವರೂ ಟೋಪಿಯನ್ನೇ ನೋಡಿದರು. ಅಂಥದ್ದೇ ಇನ್ನೊಂದು ತರಿಸುವಷ್ಟು ಹೊತ್ತಿರಲಿಲ್ಲ. ಕೊನೆಗೆ ಮೇನೇಜರ್ ಒಂದು ಪ್ಲಾಸ್ಟಿಕ್ ಚೀಲ ಹುಡುಕಿ ತಂದು, ಟೋಪಿಯ ಒಳಗೆ ಅಂಚಿಗೆ ಸರಿಯಾಗಿ ಕೂರಿಸಿ ಅಂಟುಟೇಪು ಹಚ್ಚಿದ. ಗುರುಗಳು ಬೋಳುತಲೆ ಸವರಿಕೊಂಡು ಗೋಡೆ ಕಡೆ ತಿರುಗಿ ಕೂತರು.

ಪೊರಕೆ ಟೋಪಿ ಹಾಕಿಕೊಂಡಳು. ತಲೆ ಅಲ್ಲಾಡಿಸಿದರೆ ಚರಪರ ಅನ್ನುತ್ತಿತ್ತು. ಹದಿನಾಲ್ಕು ಜೇಬಿನ ಅಂಗಿ, ಕಪ್ಪು ಕನ್ನಡಕ, ಮುಖಕ್ಕೆ ಬಟ್ಟೆ, ಮುಂದುಗಡೆ ಚಿಂದಿ ತುರುಕಿದ ಬೂಟು. ಬಾಗಿಲು ತೆಗೆದು ಹೊರಗೆ ಕಾಲಿಟ್ಟದ್ದೇ ತಡ, ಯಾರೋ ಕುರ್ಚಿ ತಂದು ಹಿಂದೆ ಇಟ್ಟರು. ಇನ್ಯಾರೋ ಹಣ್ಣಿನ ರಸದ ಲೋಟ ಹಿಡಿದರು. ವೇಷಭೂಷಣದ ದರ್ಜಿ, ಯಾವತ್ತೂ ಅವಳನ್ನು ಕಣ್ಣೆತ್ತಿ ನೋಡದವನು, ಬಗ್ಗಿ ನಮಸ್ಕಾರ ಗುರುಗಳೇ ಅಂದ. ಅವಳು ಗುರುಗಳ ಹಾಗೆ ಗಂಟಲಲ್ಲೇ ಹ್ಞೂಂ ಅಂದಳು. ಅಟ್ಟದ ಮೇಲಿನಿಂದ ಯಾರೋ ಕಿಸಕ್ಕನೆ ನಕ್ಕರು. ಅವಳು ತಲೆಯೆತ್ತಿ ಕನ್ನಡಕ ಒಂದಿಷ್ಟು ಕೆಳಗಿಳಿಸಿ ಕಣ್ಣು ಹೊಡೆದಳು.

ಸೆಟ್ಟು ಅಂದರೆ ಮೂರಂತಸ್ತಿನ ಮನೆ, ಮುಂದಿನ ಗೋಡೆ ಇಲ್ಲ, ಚಾವಣಿ ಇಲ್ಲ. ಸಿನಿಮಾದಲ್ಲಿ ಹೀರೋ ಕೂಲಿಯವರ ನಾಯಕ. ಗಾಯಗೊಂಡ ಮುದುಕ ಕೂಲಿಯವನನ್ನು ಎತ್ತಿಕೊಂಡು ಮೂರು ಅಂತಸ್ತು ಹತ್ತಿ, ತುದಿಯಲ್ಲಿ ನಿಂತು ಎರಡು ಮಾತು ಆಡಬೇಕು. ಕ್ಯಾಮೆರಾ ಅವನ ಮುಂದೆ ಹಿಮ್ಮುಖವಾಗಿ ಮೆಟ್ಟಿಲು ಹತ್ತುತ್ತ ಹೋಗಬೇಕು, ನಡುವೆ ಎಲ್ಲೂ ನಿಲ್ಲಬಾರದು. ಮುದುಕನ ಪಾತ್ರಕ್ಕೆ ತೂಕ ಕಡಿಮೆ ಅಂತಲೇ ಒಬ್ಬನನ್ನು ಆರಿಸಿದ್ದರು. ಆದರೂ ಎರಡನೆಯ ಅಂತಸ್ತಿಗೆ ಬರುವಷ್ಟರಲ್ಲಿ ಹೀರೋ ಏದುಸಿರು ಬಿಡುತ್ತ ಕೂಲಿಯವನನ್ನು ಮೂಟೆಯ ಹಾಗೆ ದೊಪ್ಪನೆ ಇಳಿಸಿಬಿಡುತ್ತಿದ್ದ. ಆರು ಸಲ ಹಾಗೇ ಆಯಿತು. ಆರು ಸಲವೂ ಪೊರಕೆ ಹದಿನಾಲ್ಕು ಕಿಲೋ ಹೊತ್ತು ಹಿಂದಕ್ಕೆ ಹಿಂದಕ್ಕೆ ಹತ್ತಿ, ಮತ್ತೆ ಇಳಿದಳು.

ಅಟ್ಟದ ಮೇಲಿನ ಹದಿಮೂರು ಜನ ಬೆಳಿಗ್ಗೆ ಏಳಕ್ಕೆ ಹತ್ತಿದವರು. ಈಗ ಎರಡೂವರೆ. ಆ ದೊಡ್ಡ ದೀಪಗಳ ಬೆನ್ನಿಗೆ ನಿಂತರೆ ಒಲೆಯ ಮುಂದೆ ಅಲ್ಲ, ಒಲೆಯ ಒಳಗೇ ನಿಂತ ಹಾಗೆ. ಮಾವ ಮೇಲಿನಿಂದ ಬಗ್ಗಿ ಮೇನೇಜರನನ್ನು ಕೂಗಿದ.

"ಸಾರ್, ಒಂದೈದು ನಿಮಿಷ ಇಳಿದು ಬರ್ತೀವಿ. ಊಟ ಬೇಡ ಬಿಡಿ, ಉಚ್ಚೆಗಾದ್ರೂ ಬಿಡಿ."

"ಹೀರೋ ನಾಲ್ಕಕ್ಕೆ ಹೊರಡ್ತಾರೆ, ಇವ್ರಿಗೆ ಈಗ ಬಂತು. ಹುಯ್ಯೋದಿದ್ರೆ ಅಲ್ಲೇ ಡಬ್ಬದಲ್ಲಿ ಹುಯ್ಕೊಳ್ರೋ ಬೋಳಿಮಕ್ಳಾ."

ಅಂದವನು ಖಾಲಿಯಾದ ಬಣ್ಣದ ಡಬ್ಬವೊಂದನ್ನು ಹಗ್ಗಕ್ಕೆ ಕಟ್ಟಿಸಿ ಮೇಲಕ್ಕೆ ಕಳಿಸಿಯೂ ಬಿಟ್ಟ. ಕೆಳಗಿದ್ದವರು ನಕ್ಕರು. ಹದಿಮೂರು ಜನ ಒಬ್ಬರಿಗೊಬ್ಬರು ಬೆನ್ನು ತಿರುಗಿಸಿ ಡಬ್ಬ ದಾಟಿಸಿಕೊಂಡರು. ಅವರಲ್ಲಿ ಮೊಮ್ಮಕ್ಕಳಿದ್ದವರು ನಾಲ್ಕು ಜನ. ತುಂಬಿದ ಡಬ್ಬವನ್ನು ಮಾವ ತನ್ನ ಕಾಲ ಬಳಿ, ಹಲಗೆಯ ಅಂಚಿಗೆ ಇಟ್ಟುಕೊಂಡ. ಬೇರೆ ಜಾಗ ಇರಲಿಲ್ಲ.

ಏಳನೆಯ ಸಲ ಎಲ್ಲ ಸರಿಯಾಗಿ ಬಂತು. ಹಗ್ಗದಾಚೆ ಸಂದರ್ಶಕಿಯ ತಂಡದ ಕ್ಯಾಮೆರಾವೂ ಓಡುತ್ತಿತ್ತು. ಹೀರೋ ಹಲ್ಲು ಕಚ್ಚಿ ಮೂರೂ ಅಂತಸ್ತು ಹತ್ತಿದ. ಪೊರಕೆಯ ಬೂಟು ಹಿಂದಿನ ಮೆಟ್ಟಿಲುಗಳನ್ನು ಕಣ್ಣಿದ್ದಂತೆ ಹುಡುಕಿಕೊಂಡು ಹೋಯಿತು. ತುದಿಯಲ್ಲಿ ಹೀರೋ ನಿಂತ. ಮುಖವನ್ನು ಬೆಳಕಿಗೆ ಎತ್ತಿ, ತನ್ನ ಮಾತು ಶುರುಮಾಡಿದ.

"ಅಣ್ಣಾ, ನೀವು ಸುರಿಸಿದ ಒಂದೊಂದು ಹನಿನೂ ನನ್ನ ತಲೆ ಮೇಲೆ ಬೀಳ್ಲಿ."

ಅವನ ಮುಖದ ಬೆಳಕನ್ನು ಸರಿಮಾಡಲು ಮಾವ ದೀಪ ಹಿಡಿದು ಅರ್ಧ ಹೆಜ್ಜೆ ಎಡಕ್ಕೆ ಸರಿದ, ಕಾಲು ಡಬ್ಬಕ್ಕೆ ತಾಗಿತು. ಮೊದಲು ಬಿದ್ದದ್ದು ಒಂದೇ ಹನಿ, ಹಣೆಯ ನಟ್ಟನಡುವೆ. ಹೀರೋ ಭಾವದಲ್ಲಿ ಮುಳುಗಿದ್ದವನು ಕಣ್ಣು ಮುಚ್ಚಿದ. ಆಮೇಲೆ ಧಾರೆ ಇಳಿಯಿತು. ಹೊಸದಾಗಿ ನೆಡಿಸಿದ ಕೂದಲು, ಹುಬ್ಬು, ಮೂಗು, ಗದ್ದ. ಕಿಂಡಿಯೊಳಗೆ ಪೊರಕೆಗೆ ಕಂಡ ಹಾಗೆ, ಅವನು ನಾಲಿಗೆಯಿಂದ ಮೇಲ್ದುಟಿ ಸವರಿದ, ಸವರಿ ಯೋಚಿಸಿದ. ಅವನ ತೋಳಲ್ಲಿದ್ದ ಮುದುಕನಿಗೆ ವಾಸನೆ ಮೊದಲೇ ತಿಳಿದಿತ್ತು, ಅವನು ತಾನಾಗಿಯೇ ಇಳಿದು ಪಕ್ಕಕ್ಕೆ ನಿಂತ.

ನಿರ್ದೇಶಕ ಕಟ್ ಅಂದ. ಪೊರಕೆ ಗುಂಡಿ ಒತ್ತಿ ನಿಲ್ಲಿಸಿದಳು. ಮೇನೇಜರ್ ಹಗ್ಗದ ಹತ್ತಿರ ಓಡಿ, ಏನೋ ಸಣ್ಣ ತೊಂದರೆ, ನಿಮ್ಮ ಕ್ಯಾಮೆರಾ ಆರಿಸಿ ಅಂತ ಬೇಡಿಕೊಂಡು ಬಂದ. ಅವರು ಆರಿಸಿದರು, ಆದರೆ ಜಾಗ ಬಿಟ್ಟು ಕದಲಲಿಲ್ಲ.

ಮಾವನನ್ನು ಏಣಿಯಿಂದ ಇಳಿಸಿದರು. ಏಳೂವರೆ ತಾಸು ಒಂದೇ ಕಡೆ ನಿಂತ ಕಾಲು, ನೆಲ ಮುಟ್ಟಿದ್ದೇ ಮಡಚಿಕೊಂಡಿತು. ಅವನನ್ನು ಮೆಟ್ಟಿಲ ಬುಡಕ್ಕೆ ನಡೆಸಿಕೊಂಡು ಬಂದರು. ಹೀರೋ ಕೆಳಗಿನ ಮೆಟ್ಟಿಲವರೆಗೂ ಬಂದು ನಿಂತಿದ್ದ, ತಲೆಗೊಂದು ಟವಲ್ಲು ಸುತ್ತಿ. ಬೈಗುಳಗಳಲ್ಲಿ ಮಾವನ ಅಮ್ಮ, ಅಜ್ಜಿ, ಹೆಂಡತಿ ಎಲ್ಲರೂ ಒಂದು ಸುತ್ತು ಬಂದುಹೋದರು. ಆಮೇಲೆ ಅವನು ಬಲಗಾಲು ಮುಂದಕ್ಕೆ ಚಾಚಿದ.

"ಬೂಟು ಒದ್ದೆಯಾಗಿದೆ. ಒರೆಸು. ಬಟ್ಟೆ ಬೇಡ, ನಿನ್ನ ಅಂಗಿ ಬಿಚ್ಚಿ ಒರೆಸು."

ಮಾವ ಸುತ್ತ ನೋಡಿದ. ನಿರ್ದೇಶಕ ಕೈಯಲ್ಲಿದ್ದ ಕಾಗದ ಓದುತ್ತಿದ್ದ. ಮೇನೇಜರ್, ಏನ್ ನೋಡ್ತೀಯೋ, ಹೇಳಿದ್ದು ಮಾಡು, ಎಲ್ಲರಿಗೂ ತಡ ಆಗ್ತಿದೆ ಅಂದ. ಅರವತ್ತೊಂದು ವರ್ಷದ ಮುದುಕ ಗುಂಡಿಗಳನ್ನು ಒಂದೊಂದಾಗಿ ಬಿಚ್ಚಿದ. ಒಂದು ಗುಂಡಿ ಮೊದಲೇ ಇರಲಿಲ್ಲ, ಪಿನ್ನು ಹಾಕಿದ್ದ, ಅದನ್ನು ತೆಗೆಯುವುದಕ್ಕೆ ಹೊತ್ತು ಹಿಡಿಯಿತು. ಮಂಡಿಯೂರಿ ಒರೆಸತೊಡಗಿದ. ಬೆನ್ನ ಮೇಲೆ, ಭುಜದಿಂದ ಸೊಂಟದವರೆಗೆ, ದೀಪದ ಕಾವಿಗೆ ಸುಟ್ಟು ಕಪ್ಪಾದ ಕಲೆಗಳಿದ್ದವು. ಪೊರಕೆ ಅವನ್ನು ಯಾವತ್ತೂ ನೋಡಿರಲಿಲ್ಲ. ಹೀರೋ ಇನ್ನೊಂದು ಬೂಟನ್ನು ಆ ಕಲೆಗಳ ಮೇಲೆಯೇ ಇಟ್ಟ, ಇದನ್ನೂ ಅಂತ.

ಅವಳು ನಡುಮೆಟ್ಟಿಲಲ್ಲಿ ನಿಂತಿದ್ದಳು, ಕ್ಯಾಮೆರಾ ಇನ್ನೂ ಹೆಗಲ ಮೇಲೇ ಇತ್ತು. ಹತ್ತಡಿ ಎರಡಿಂಚು ಅಂತ ಕಣ್ಣು ತಾನಾಗಿ ಅಳೆಯಿತು. ಬೆರಳು ಲೆನ್ಸಿನ ಉಂಗುರ ತಿರುಗಿಸಿತು, ಮಾವನ ಬೆನ್ನು ಸ್ಪಷ್ಟವಾಯಿತು. ಹೆಬ್ಬೆರಳು ಗುಂಡಿ ಒತ್ತಿತು. ಕ್ಯಾಮೆರಾದ ನೆತ್ತಿಯ ಮೇಲೆ ಕೆಂಪು ದೀಪ ಹೊತ್ತಿಕೊಂಡಿತು.

ಅವಳು ಇಳಿಯತೊಡಗಿದಳು, ಒಂದೊಂದೇ ಮೆಟ್ಟಿಲು, ಚಿತ್ರ ಕೂದಲೆಳೆಯಷ್ಟೂ ಅಲುಗದ ಹಾಗೆ. ಅಂಗಿಯಿಂದ ಕೈಗೆ, ಕೈಯಿಂದ ಬೆನ್ನಿಗೆ, ಬೆನ್ನಿನಿಂದ ಬೂಟಿಗೆ, ಬೂಟಿನಿಂದ ಮೇಲಕ್ಕೆ, ಹೀರೋನ ಮುಖಕ್ಕೆ ಬಂದಳು.

ಹೀರೋ ಕೆಂಪು ದೀಪ ನೋಡಿದ. ಅದರ ಹಿಂದೆ ಯಾರಿದ್ದಾರೆ ಅಂತ ಇಪ್ಪತ್ತು ವರ್ಷದಲ್ಲಿ ಅವನು ನೋಡಿದವನಲ್ಲ, ಇವತ್ತೂ ನೋಡಲಿಲ್ಲ. ಮೊದಲು ಅವನ ಹೊಟ್ಟೆ ಒಳಗೆ ಹೋಯಿತು. ಆಮೇಲೆ ಗದ್ದ ಮೇಲೆ ಬಂತು. ತಲೆಯ ಟವಲ್ಲು ಹೆಗಲಿಗೆ ಜಾರಿತು. ಬೆನ್ನ ಮೇಲಿದ್ದ ಬೂಟು ಬಿಸಿ ತಾಗಿದಂತೆ ಕೆಳಗಿಳಿಯಿತು. ಹಗ್ಗದಾಚೆಯ ತಂಡ ಗುರುಗಳೇ ತೆಗೆಯುತ್ತಿದ್ದಾರೆ ಅಂದಮೇಲೆ ನಾವೇನು ಅಂತ ತಮ್ಮ ಕ್ಯಾಮೆರಾವನ್ನೂ ಎತ್ತಿಕೊಂಡಿತು.

ನಿರ್ದೇಶಕ ಕಟ್ ಅಂದ. ಪೊರಕೆ ಕೇಳಿಸಿಕೊಳ್ಳಲಿಲ್ಲ. ಅವನು ಇನ್ನೊಮ್ಮೆ, ಗುರುಗಳೇ ಕಟ್, ಅಂದ. ಅದೂ ಅವಳಿಗಲ್ಲವಲ್ಲ. ಏ ಪೊರಕೆ ಅಂತ ಕೂಗಿದರೆ ನಲವತ್ತಡಿ ದೂರದಲ್ಲಿ ಸಂದರ್ಶಕಿ ಪುಸ್ತಕ ತೆರೆದು ನಿಂತಿದ್ದಾಳೆ. ಮೇಕಪ್ ಕೋಣೆಯ ಬಾಗಿಲು ನಾಲ್ಕು ಬೆರಳು ತೆರೆಯಿತು, ಗುರುಗಳ ಬೋಳುತಲೆ ಹೊರಗೆ ಇಣುಕಿತು. ಅವಳು ಕ್ಯಾಮೆರಾವನ್ನು ಅತ್ತ ತಿರುಗಿಸಿದಳು. ಬಾಗಿಲು ಟಪ್ಪನೆ ಮುಚ್ಚಿಕೊಂಡಿತು. ನಿರ್ದೇಶಕ ಪಕ್ಕದಿಂದ ಬಂದು ತುಟಿ ಅಲುಗಿಸದೆ, ಇಳಿಸೇ ಮುಂಡೇದೇ, ನಾಳೆಯಿಂದ ಗೇಟಿನೊಳಗೆ ಕಾಲಿಡೋದಿಲ್ಲ ನೀನು ಅಂದ. ಅವಳು ನಿಧಾನವಾಗಿ ಅವನ ಮುಖಕ್ಕೇ ತಿರುಗಿದಳು. ಅವನು ಹಲ್ಲು ಕಾಣುವ ಹಾಗೆ ನಕ್ಕು, ಹತ್ತಿರದಲ್ಲಿದ್ದ ಯಾರೋ ಕೆಲಸದವನ ಹೆಗಲ ಮೇಲೆ ಕೈ ಹಾಕಿದ. ಹೆಗಲಿನವನು ಬೆಚ್ಚಿಬಿದ್ದ.

ಅಷ್ಟರಲ್ಲಿ ಹೀರೋ ಬಗ್ಗಿ ಮಾವನ ಎರಡೂ ತೋಳು ಹಿಡಿದು, ಏಳಿ ಅಣ್ಣಾ, ಏಳಿ, ಅಂತ ಎತ್ತಿ ಅಪ್ಪಿಕೊಂಡಿದ್ದ, ಉಸಿರು ಬಿಗಿಹಿಡಿದು. ಅವನ ಹೆಗಲ ಮೇಲಿನಿಂದ ಮಾವನ ಮುಖ ಪೊರಕೆಗೆ ಎದುರಾಯಿತು. ಅವನು ಮೊದಲು ಕೆಂಪು ದೀಪ ನೋಡಿದ, ಆಮೇಲೆ ಟೋಪಿ, ಆಮೇಲೆ ಅಲುಗದ ಕೈ. ನಲವತ್ತು ವರ್ಷ ಮುಖಗಳಿಗೆ ಬೆಳಕು ಹಿಡಿದವನು, ಏನು ನಡೆಯುತ್ತಿದೆ ಅಂತ ಅವನಿಗೆ ಹೇಳಿಕೊಡಬೇಕಾಗಿರಲಿಲ್ಲ. ಗಂಟಲು ಸರಿಮಾಡಿಕೊಂಡ.

"ಹೊಟ್ಟೆ ಹಸೀತಿದೆ ಸ್ವಾಮಿ. ನಂಗೊಬ್ಬನಿಗಲ್ಲ, ಮೇಲೆ ಇನ್ನೂ ಹನ್ನೆರಡು ಜನ ಇದ್ದಾರೆ."

ಹೀರೋ ಕ್ಯಾಮೆರಾಕ್ಕೆ ಮುಕ್ಕಾಲು ಮುಖ ತಿರುಗಿಸಿದ, ಅದು ಅವನ ಒಳ್ಳೆಯ ಪಕ್ಕ. ಮೊದಲು ಇವರ ಊಟ, ಆಮೇಲೆ ನನ್ನ ಸಿನಿಮಾ ಅಂತ ಗಟ್ಟಿಯಾಗಿ ಘೋಷಿಸಿದ. ಹನ್ನೆರಡು ಜನ ಏಣಿಯಿಂದ ಸಾಲಾಗಿ ಇಳಿದರು.

ಸ್ಟುಡಿಯೋದ ಅಂಗಳದಲ್ಲಿ ದೊಡ್ಡವರಿಗೆ ಬೇರೆ ಡೇರೆ, ಅದರಲ್ಲಿ ಬಿಳಿ ಬಟ್ಟೆ ಹಾಸಿದ ಮೇಜು. ಉಳಿದವರದು ಗೋಡೆಯ ನೆರಳು. ಪೊರಕೆ ಹಿಮ್ಮುಖವಾಗಿ ನಡೆಯುತ್ತ ಎಲ್ಲರನ್ನೂ ಡೇರೆಯೊಳಗೇ ಕರೆದುಕೊಂಡು ಹೋದಳು. ಕ್ಯಾಮೆರಾ ಹೋದ ಕಡೆಗೆ ಹೀರೋ ಬಂದ, ಹೀರೋ ಬಂದ ಕಡೆಗೆ ಮೇನೇಜರ್ ಬಂದ, ನಲವತ್ತಡಿ ಬಿಟ್ಟು ಸಂದರ್ಶಕಿಯ ತಂಡವೂ ಬಂತು. ಮೇಜಿಗೆ ಏಳೇ ಕುರ್ಚಿ. ಏಳು ಜನ ಕೂತರು, ಆರು ಜನ ಹಿಂದೆ ನಿಂತರು. ಹೀರೋ ಸೌಟು ಹಿಡಿದ. ಮೇನೇಜರ್ ತಟ್ಟೆ ಹಿಡಿದ.

ಮೊದಲ ಎರಡು ತುತ್ತು ತಲೆ ತಗ್ಗಿಸಿ ತಿಂದರು. ಮೂರನೆಯ ತುತ್ತಿಗೆ ಧೈರ್ಯ ಬಂತು. ಮೂಲೆಯಲ್ಲಿದ್ದ ಒಬ್ಬ, ಹೀರೋ ಸಾರ್, ಅಲ್ಲಿ ಅಡಿಯಲ್ಲಿ ದೊಡ್ಡ ತುಂಡು ಕಾಣ್ತಿದೆ ಅಂದ. ಹೀರೋ ಅಡಿಯಿಂದ ಕೆದಕಿ ಹಾಕಿದ. ಇನ್ನೊಬ್ಬ ಇದು ಆರಿಹೋಗಿದೆ ಅಂತ ತಟ್ಟೆ ಹಿಂದಕ್ಕೆ ತಳ್ಳಿದ. ಕ್ಯಾಮೆರಾ ಮೇನೇಜರನ ಕಡೆ ಹೊರಳಿತು. ಅವನು ಈಗ ಬಿಸಿ ಮಾಡ್ಕೊಂಡು ಬಂದೆ ಅಣ್ಣಾ ಅಂತ ಓಡಿದ. ಬಂದಮೇಲೆ ಮಾವ ಬಾಯಿ ಒರೆಸಿಕೊಂಡು, ಬಹಳ ಮರ್ಯಾದೆಯಿಂದ ಕೇಳಿದ.

"ಮೇನೇಜ್ರೇ, ಡಬ್ಬ ಮೇಲೇ ಉಳೀತಲ್ಲ. ಇನ್ನೂ ಅರ್ಧ ಇದೆ. ಯಾರ ಮೇಲಾದ್ರೂ ಬಿದ್ದೀತು, ತಂದುಬಿಡ್ತೀರಾ?"

ಮೇನೇಜರ್ ಹೀರೋನನ್ನು ನೋಡಿದ. ಹೀರೋ ಕ್ಯಾಮೆರಾವನ್ನು ನೋಡಿ, ಹೋಗಪ್ಪಾ, ಕೆಲಸದಲ್ಲಿ ಮೇಲು ಕೀಳು ಇಲ್ಲ ಅಂದ. ಪೊರಕೆ ಡೇರೆಯ ಬಾಗಿಲಲ್ಲಿ ನಿಂತು, ಎದುರಿನ ತೆರೆದ ದೊಡ್ಡ ಬಾಗಿಲಿನಾಚೆ ಸೆಟ್ಟಿನ ಏಣಿಯ ಮೇಲೆ ಆ ದಪ್ಪ ಮೈ ಮೆಟ್ಟಿಲು ಮೆಟ್ಟಿಲಾಗಿ ಏರುವುದನ್ನು, ಮೇಲೆ ಒಂದು ಗಳಿಗೆ ಕಣ್ಮರೆಯಾಗುವುದನ್ನು, ಒಂದು ಕೈಯಲ್ಲಿ ಡಬ್ಬವನ್ನು ಮೈಯಿಂದ ಆದಷ್ಟು ದೂರ ಹಿಡಿದು ಇನ್ನೊಂದು ಕೈಯಲ್ಲಿ ಏಣಿ ತಬ್ಬಿ ಇಳಿಯುವುದನ್ನು, ಒಂದೇ ಓಟದಲ್ಲಿ ಕತ್ತರಿಸದೆ ತೆಗೆದಳು. ಒಂಬತ್ತು ವರ್ಷದಲ್ಲಿ ಅಷ್ಟು ಚಂದದ ಇಳಿಕೆಯನ್ನು ಅವಳು ತೆಗೆದಿರಲಿಲ್ಲ. ಮುಖದ ಬಟ್ಟೆಯೊಳಗೆ ಅವಳಿಗೆ ನಗು ತಡೆಯಲಾಗದೆ ಕಣ್ಣಲ್ಲಿ ನೀರು ಬಂತು. ಆದರೂ ಚಿತ್ರ ಅಲುಗಲಿಲ್ಲ. ದೂರದಿಂದ ಸಂದರ್ಶಕಿ, ಈ ವಯಸ್ಸಲ್ಲೂ ಆ ಕೈ ನೋಡಿ ಅಂತ ತನ್ನವರಿಗೆ ಹೇಳಿದ್ದು ಕೇಳಿಸಿತು.

ಮೊದಲ ಪಂಕ್ತಿ ಎದ್ದಿತು. ಆರು ಜನ ಕೂರಬೇಕು ಅನ್ನುವಾಗ ಕಿಂಡಿಯ ಮೂಲೆಯಲ್ಲಿ ಬ್ಯಾಟರಿಯ ಗುರುತು ಮಿಣುಕತೊಡಗಿತು. ಮೂರು ನಿಮಿಷ, ಹೆಚ್ಚೆಂದರೆ ನಾಲ್ಕು. ಬ್ಯಾಟರಿ ಬದಲಿಸಬೇಕಾದರೆ ಕ್ಯಾಮೆರಾ ಇಳಿಸಬೇಕು. ಅವಳ ಬಲಗೈ ಬೆರಳುಗಳಿಗೆ ಆಗಲೇ ಜೋಮು ಹಿಡಿದಿತ್ತು, ಹೆಗಲ ಮೂಳೆಯಲ್ಲಿ ಯಾರೋ ಮೊಳೆ ಇಳಿಸುತ್ತಿದ್ದರು. ಕಿಂಡಿಯೊಳಗೆ ಹೀರೋ ಸೌಟು ಎತ್ತಿದ. ಮೇನೇಜರ್ ಆರನೆಯವನಿಗೆ ಕುರ್ಚಿ ಎಳೆದುಕೊಟ್ಟ. ಮಾವ ಬರಿಮೈಯಲ್ಲೇ ನಿಂತು ಲೋಟಗಳಿಗೆ ನೀರು ಬಿಡುತ್ತ, ನಡುನಡುವೆ ಇವಳ ಹೆಗಲಿನ ಕಡೆ ನೋಡುತ್ತಿದ್ದ.

ಚಿತ್ರ ಒಮ್ಮೆ ಕುಗ್ಗಿತು, ಒಮ್ಮೆ ಬೆಳಗಿತು, ಆರಿಹೋಯಿತು. ಅವಳು ಎಡಗೈ ಮೇಲಕ್ಕೆ ತಂದು, ಆರಿದ್ದು ಯಾರಿಗೂ ಕಾಣದ ಹಾಗೆ ಸತ್ತ ಕೆಂಪು ದೀಪದ ಮೇಲೆ ಹೆಬ್ಬೆರಳು ಅಡ್ಡ ಇಟ್ಟಳು.

ಈಗ ಕಿಂಡಿಯೊಳಗೆ ಬರೀ ಕತ್ತಲು. ಇನ್ನೊಂದು ಕಣ್ಣಿಗೆ ಗುರುಗಳ ಕಪ್ಪು ಕನ್ನಡಕ, ಅದರ ಮೇಲೆ ಬೆವರು ಇಳಿದು ಏನೂ ಕಾಣದು. ಸೌಟು ಪಾತ್ರೆಗೆ ತಾಗಿದ ಸದ್ದು ಕೇಳಿಸಿತು, ಯಾರೋ ಮೂಳೆ ಚೀಪುವ ಸದ್ದು, ಮಾವ ನೀರು ಬಿಡುವ ಸದ್ದು. ಬಲಗಡೆಯಿಂದ ಹೆಜ್ಜೆಯೊಂದು ಅವಳ ಹತ್ತಿರ ಬಂತು, ಮೇನೇಜರನ ಭಾರದ ಹೆಜ್ಜೆ. ಆರಡಿ. ಐದಡಿ ಮೂರಿಂಚು. ನಾಲ್ಕಡಿ.

ಅವಳು ಕ್ಯಾಮೆರಾವನ್ನು ಆ ಸದ್ದಿನ ಕಡೆಗೆ ತಿರುಗಿಸಿದಳು.

ಹೆಜ್ಜೆ ನಿಂತಿತು. ಆಮೇಲೆ ಅದು ಮೇಜಿನ ಕಡೆಗೆ ಹಿಂದಿರುಗಿತು.

"ಇನ್ನೇನ್ ಬಡಿಸ್ಲಿ ಅಣ್ಣಾ?"

ಆರು ಜನರ ಊಟ ಇನ್ನೂ ಅರ್ಧವೂ ಆಗಿರಲಿಲ್ಲ.